ಗೋರಿಯ ಮೇಲಿನ ಸಿಗರೇಟು

ಸ್ಲಾವ್ಕಾ ಬರೆದ ಮಾತಿಗೆ ನಗದ ಮನೆ ಬೆಲ್‌ಗ್ರೇಡಿನಲ್ಲಿ ಇರಲಿಲ್ಲ. ಮೂವತ್ತನಾಲ್ಕು ವರ್ಷ ಟಿವಿಗೆ, ಜೊತೆಗೆ ಆರು ಸಿನಿಮಾಗಳಿಗೆ ನಗೆ ಬರೆದವಳು. ಏನೇ ಬರೆದರೂ ಮೊದಲು ಗಂಡ ತಿಹೊಮೀರನಿಗೆ ಓದಿ ಹೇಳುತ್ತಿದ್ದಳು. ಅವನು ನಕ್ಕ ಜಾಗದಲ್ಲೇ ದೃಶ್ಯ ಮುಗಿಯಬೇಕು. ಮುಂದಿನ ಸಾಲು ಎಷ್ಟೇ ಚೆಂದವಿದ್ದರೂ ಅದಕ್ಕೆ ಕತ್ತರಿ. ಅವನು ತೀರಿಕೊಂಡು ಈಗ ಒಂದು ವರ್ಷವಾಗಿತ್ತು.

ಏಳನೆಯ ಸಿನಿಮಾದ ನಿರ್ಮಾಪಕ ಉಗ್ಲೇಶಾ, ಮೂವತ್ತರ ಹುಡುಗ, ಸ್ಮಶಾನದ ದೃಶ್ಯವನ್ನೇ ತೆಗೆಯಬೇಕೆಂದು ಪಟ್ಟು ಹಿಡಿದ. ಸತ್ತವರ ಮುಂದೆ ಯಾರು ನಗುತ್ತಾರೆ ಎಂಬುದು ಅವನ ವಾದ. ಅದು ಹೋದರೆ ಸಿನಿಮಾಕ್ಕೆ ಬೆನ್ನೆಲುಬೇ ಇಲ್ಲವೆಂದು ಸ್ಲಾವ್ಕಾಗೆ ಗೊತ್ತಿತ್ತು. ಆದರೂ ಜಗಳಕ್ಕಿಳಿಯಲಿಲ್ಲ. ಸತ್ತವರನ್ನು ನೆನೆಯುವ ಶನಿವಾರ ಸ್ಮಶಾನಕ್ಕೇ ಬಾ, ಅಲ್ಲೇ ಓದುತ್ತೇನೆ, ಯಾರೂ ನಗದಿದ್ದರೆ ನಾನೇ ಹರಿದು ಹಾಕುತ್ತೇನೆ ಎಂದಳು.

ಶನಿವಾರ ಗೋರಿಗಳ ನಡುವೆ ಕಾಲಿಡಲು ಜಾಗವಿರಲಿಲ್ಲ. ಬೇಯಿಸಿದ ಸಿಹಿಗೋಧಿ, ಕೇಕು, ಪ್ಲಮ್ ಹಣ್ಣಿನ ಮದ್ಯ ರಾಕಿಯಾ ಕೈಯಿಂದ ಕೈಗೆ ಹೋಗುತ್ತಿದ್ದವು. ಸ್ಲಾವ್ಕಾ ಸಿಗರೇಟು ಹಚ್ಚಿ ಗಂಡನ ಗೋರಿಯ ಅಂಚಿಗಿಟ್ಟಳು; ಅಲ್ಲಿ ಅರ್ಧಕ್ಕರ್ಧ ಗೋರಿಗಳ ಮೇಲೆ ಸತ್ತವರಿಗೆಂದು ಹಚ್ಚಿಟ್ಟ ಸಿಗರೇಟು ಹೀಗೇ ಹೊಗೆಯಾಡುತ್ತಿತ್ತು. ಪಕ್ಕದ ಗೋರಿಯ ವಿಧವೆ ದಾರಿಂಕಾ ಕಣ್ಣೊರೆಸಿಕೊಳ್ಳುವುದನ್ನು ಕಂಡು ಉಗ್ಲೇಶಾ ಬೇಡವೆಂದು ತಲೆಯಾಡಿಸಿದ. ಸ್ಲಾವ್ಕಾ ಕೇಳಬೇಕಲ್ಲ. ಹಾಳೆ ಬಿಡಿಸಿ, ಸಿನಿಮಾದ ವಿಧವೆ ಗಂಡನ ಗೋರಿಗೆ ಸಿಗರೇಟು ಹಚ್ಚಿಡುವ ಜಾಗವನ್ನು ಗಟ್ಟಿಯಾಗಿ ಓದಿದಳು:

“ಮನೇಲಿ ಒಂದಿನಾನೂ ಸೇದೋಕೆ ಬಿಡ್ಲಿಲ್ಲ, ನಿಜ. ಈಗ ಹಾಯಾಗಿ ಸೇದು. ಬೂದಿ ಮಾತ್ರ ಕೆಳಗೆ ಬೀಳಿಸ್ಬೇಡ, ಈಗಷ್ಟೇ ಒರೆಸಿದೀನಿ.”

ದಾರಿಂಕಾ ಬಾಯಲ್ಲಿದ್ದ ಗೋಧಿ ಚಿಮ್ಮುವಂತೆ ನಕ್ಕಳು. ಅವಳ ಕೈಯಲ್ಲಿ ಗೋರಿ ಒರೆಸಿದ ಬಟ್ಟೆ ಇನ್ನೂ ಒದ್ದೆಯಾಗಿತ್ತು. ನಗು ಸಾಲಿನುದ್ದಕ್ಕೂ ಹಬ್ಬಿತು, ಉಗ್ಲೇಶಾನೂ ಹೊಟ್ಟೆ ಹಿಡಿದುಕೊಂಡ. ಆ ಗದ್ದಲದಲ್ಲಿ ಸ್ಲಾವ್ಕಾ ದೃಶ್ಯದ ಕೊನೆಯ ಸಾಲನ್ನು ಕಲ್ಲಿನ ಕಡೆ ಬಾಗಿ ಮೆಲ್ಲಗೆ ಓದಿದಳು:

“ನೀನು ಹೋದ್ಮೇಲೆ ಮನೆ ಒರೆಸಿದ್ದು ಒರೆಸಿದ ಹಾಗೇ ಇರುತ್ತೆ ಕಣೋ. ನಂಗೆ ಸಾಕಾಗಿದೆ.”

ಮರುಕ್ಷಣ ಪೆನ್ನು ತೆಗೆದು ಆ ಸಾಲನ್ನು ಹೊಡೆದು ಹಾಕಿದಳು.

ಪಕ್ಕದಲ್ಲೇ ನಿಂತಿದ್ದ ಉಗ್ಲೇಶಾಗೆ ಅದು ಕೇಳಿಸಿತ್ತು. “ಸ್ಲಾವ್ಕಮ್ಮ, ದೃಶ್ಯ ಪೂರ್ತಿ ಇರ್ಲಿ. ಆ ಕೊನೇ ಸಾಲನ್ಯಾಕೆ ತೆಗೆದ್ರಿ? ಅದೇ ಚೆನ್ನಾಗಿತ್ತು,” ಎಂದ.

“ನಗು ಅದಕ್ಕೂ ಮುಂಚೆ ಬಂತು ಮಗಾ. ಈ ಸಾಲು ಜನಕ್ಕಲ್ಲ, ನಮ್ಮ ತಿಹೊಮೀರನಿಗೆ. ಕೇಳಿಸ್ಕೊಂಡಾಯ್ತು.”

ಸಿಗರೇಟಿನ ಬೂದಿ ಕಲ್ಲಿನ ಮೇಲೆ ಬಿತ್ತು. ಅವಳು ಒರೆಸಲಿಲ್ಲ.