ಯಂಕಪ್ಪನ ಕೊನೆಯ ಹಾಜರಿ

ಚಟ್ಟಕ್ಕೆ ಬಿದಿರು ಬಿಗಿಯುತ್ತಿದ್ದ ಮರೆಪ್ಪನ ಕೈಯಲ್ಲಿ ಗಂಟು ಮೂರನೆಯ ಸಲವೂ ಸಡಿಲಾಯಿತು. ಕಮಲಾಪುರದ ತೋಟಗಳಲ್ಲಿ ಕೆಂಪು ಬಾಳೆಯ ಗೊನೆ ಹೊತ್ತು ಹೊತ್ತು ಹೆಗಲು ಕಲ್ಲಾದ ಗಂಡಸು. ಇವತ್ತು ಒಂದು ಗಂಟು ಬಿಗಿಯಲಾಗುತ್ತಿರಲಿಲ್ಲ. ತಮ್ಮ ಸತ್ತ ಸಂಕಟಕ್ಕೆ ಹಾಗಾಗುತ್ತಿದೆ ಎಂದು ಕೇರಿಯವರು ಅಂದುಕೊಂಡರು. ಅಂದುಕೊಳ್ಳಲಿ ಎಂದು ಅವನೂ ಸುಮ್ಮನಿದ್ದ. ಸಂಕಟವೂ ಇತ್ತು, ಸುಳ್ಳಲ್ಲ. ಆದರೆ ಗಂಟು ಸಡಿಲಿಸುತ್ತಿದ್ದದ್ದು ಹೆದರಿಕೆ.

ಅವತ್ತು ಸೋಮವಾರ. ಪ್ರತಿ ಸೋಮವಾರ ಹೊತ್ತು ನೆತ್ತಿಗೇರುವುದರೊಳಗೆ ಅವನ ತಮ್ಮ ಯಂಕಪ್ಪ ಪೊಲೀಸ್ ಚೌಕಿಗೆ ಹೋಗಿ, ಜಮಾದಾರನಿಗೆ ಮುಖ ತೋರಿಸಿ ಹಾಜರಿ ಹಾಕಬೇಕಿತ್ತು. ಪಲ್ಟನ್ನಿನಲ್ಲಿದ್ದುಕೊಂಡು ಬಂದೂಕು ಹಿಡಿಯಲಾರೆ ಎಂದದ್ದಕ್ಕೆ ಎರಡು ವರ್ಷ ಜೈಲಾಗಿತ್ತು. ಜೈಲು ಮುಗಿದ ಮೇಲೂ ನಿಜಾಮರ ಸರ್ಕಾರ ಈ ಹಾಜರಿಯನ್ನು ಉಳಿಸಿಕೊಂಡಿತ್ತು. ಆರು ವರ್ಷದಲ್ಲಿ ಒಂದು ಸೋಮವಾರವೂ ತಪ್ಪಿಸದ ಮನುಷ್ಯ ಇವತ್ತು ಬೆಳಗಾಗುವಾಗ ಜ್ವರದಲ್ಲೇ ಹೋಗಿಬಿಟ್ಟ.

ಸತ್ತ ಎಂದು ಬಾಯಿಮಾತಿನಲ್ಲಿ ಹೇಳಿದರೆ ನಂಬುವವರಾರು? ಹೋದ ವರ್ಷ ಪಕ್ಕದ ಹಳ್ಳಿಯಲ್ಲಿ ಹಾಜರಿಯವನೊಬ್ಬನ ಮನೆಯವರು ಅತ್ತು ಕರೆದು ಸುಳ್ಳು ಮಣ್ಣು ಮಾಡಿ, ಅವನನ್ನು ನಿಜಾಮರ ಗಡಿಯಾಚೆ ಸೊಲ್ಲಾಪುರಕ್ಕೆ ಓಡಿಸಿದ್ದರು. ಆಮೇಲೆ ಆ ಮನೆಯವರನ್ನೆಲ್ಲ ಸಾಲಾಗಿ ಕಟ್ಟಿ ಕಲಬುರ್ಗಿಗೆ ಒಯ್ದದ್ದನ್ನು ಇಡೀ ಕೇರಿ ಕಂಡಿತ್ತು. ಹೀಗಾಗಿ ಮರೆಪ್ಪ ಒಂದು ಉಪಾಯ ಹೂಡಿದ್ದ: ಹಲಗೆ ಬಾರಿಸುವುದು ಬೇಡ, ತೋಟದ ಹಿಂದಿನ ಬದುವಿನ ಮೇಲೆ ಒಯ್ದು ಹೂತುಬಿಡೋಣ, ಚೌಕಿಗೆ ನಾಳೆ ಯಾರಾದರೂ ಹೇಳಲಿ.

ಆ ಯಾರಾದರೂ ತಾನಲ್ಲ ಎಂಬುದಂತೂ ಖಾತ್ರಿಯಿತ್ತು.

ತಮ್ಮನ ಹೆಂಡತಿ ಮಾನಮ್ಮ ಬಾಗಿಲಿಗೆ ಬಂದು ನಿಂತಳು. ಭಾವನ ಎದುರು ಎಂದೂ ದನಿ ಎತ್ತಿದವಳಲ್ಲ.

"ಹಿಂದಿಂದ ಬ್ಯಾಡರೀ ಭಾವಾ. ಹೂತ ಮ್ಯಾಲ ಬಂದು ಮಣ್ಣು ತೆಗಸ್ತಾರ. ಚೌಕಿ ಮುಂದ ಇಳಸ್ರಿ. ಜಮಾದಾರ ಅವ್ರ ಮಾರಿ ನೋಡಲಿ."

"ಹೊತ್ತವರ ಹೆಸರು ಬರ್ಕೊಂತಾರ ತಂಗಿ. ಅವನ ಮಂದಿ ಅಂತ ಬರ್ಕೊಂತಾರ."

"ನೀವು ಅವ್ರ ಮಂದಿ ಅಲ್ಲೇನ್ರಿ?"

ಮರೆಪ್ಪ ಮತ್ತೆ ಗಂಟಿಗೆ ಕೈ ಹಚ್ಚಿದ.

*

ಎಂಟು ವರ್ಷದ ಹಿಂದೆ, ಜರ್ಮನಿಯ ಯುದ್ಧ ಶುರುವಾದಾಗ, ಮರೆಪ್ಪ ಜೈಲಿನಲ್ಲಿದ್ದ ತಮ್ಮನಿಗೆ ಬುದ್ಧಿ ಹೇಳಲು ಕಲಬುರ್ಗಿಗೆ ನಡೆದೇ ಹೋಗಿದ್ದ. ಶಹಾಬಜಾರದ ಕಟ್ಟೆಯೊಂದರ ಮೇಲೆ ಕೂತು ರೊಟ್ಟಿ ತಿಂದು, ಹೇಳಬೇಕಾದದ್ದನ್ನೆಲ್ಲ ಉರು ಹಚ್ಚಿಕೊಂಡು ಜೈಲಿಗೆ ಹೋದ.

ಅವರ ಕೇರಿಯಿಂದ ಪಲ್ಟನ್ನು ಸೇರಿದವನು ಯಂಕಪ್ಪನೊಬ್ಬನೇ. ಬರ್ಮಾದಲ್ಲಿ ಮೂರು ವರ್ಷ ಇದ್ದವನು ಅಲ್ಲಿಯ ಮುದಿ ಭಿಕ್ಷುವೊಬ್ಬರಿಂದ ಬುದ್ಧನ ಐದು ಶೀಲ ಹಿಡಿದು ಬಂದಿದ್ದ. ಮೊದಲನೆಯದೇ, ಜೀವ ತೆಗೆಯಬಾರದು. ಯುದ್ಧಕ್ಕೆ ಹೊರಡಿ ಎಂಬ ಹುಕುಂ ಬಂದಾಗ ಬಂದೂಕನ್ನು ಒರೆಸಿ, ಎಣ್ಣೆ ಹಚ್ಚಿ, ಸಾಹೇಬನ ಮೇಜಿನ ಮೇಲಿಟ್ಟು ಕೈಕಟ್ಟಿ ನಿಂತಿದ್ದನಂತೆ. ಸಾಹೇಬ ಕೆಟ್ಟವನೇನಲ್ಲ, ದಾರಿ ತೋರಿಸಿದ್ದ: ಹುಲ್ಲಿನ ಬೊಂಬೆಗೆ ಒಂದೇ ಒಂದು ಗುಂಡು ಹೊಡೆದು ತಪ್ಪಾಯಿತು ಅನ್ನಲಿ, ಬಿಡುತ್ತೇನೆ.

"ಹುಲ್ಲಿಗೇನು ಜೀವ ಅದ ಏನೋ?" ಎಂದು ಮರೆಪ್ಪ ಕಂಬಿ ಹಿಡಿದು ಕೇಳಿದ.

"ಹುಲ್ಲಿಗಿಲ್ಲಣ್ಣ. ಕೈ ಕಲೀತದ."

"ನಿನಗ ಅಂಜಿಕಿ ಬರಲ್ಲೇನು?"

"ಬರ್ತದ. ಅಂಜಿಕೋತನೇ ಒಲ್ಲೆ ಅಂತೀನಿ."

ಹೊರಡುವಾಗ ಪಹರೆಯವನು ನೀನು ಇವನಿಗೆ ಏನಾಗಬೇಕೆಂದು ಕೇಳಿದ. ಮರೆಪ್ಪ ಕಂಬಿಯಿಂದ ಕೈ ತೆಗೆದ. ಏನೂ ಆಗಬೇಕಿಲ್ಲ, ಒಂದೇ ಊರವ, ಅಷ್ಟೇ ಎಂದುಬಿಟ್ಟ. ಕಂಬಿಯ ಆಚೆ ತಮ್ಮ ಕೇಳಿಸಿಕೊಂಡ.

ಬಿಡುಗಡೆಯಾಗಿ ಬಂದ ಮೇಲೆ ಆರು ವರ್ಷ ಒಂದೇ ಅಂಗಳದಲ್ಲಿ ಉಂಡರು, ಮಲಗಿದರು. ಯಂಕಪ್ಪ ಒಮ್ಮೆಯೂ ಆ ಮಾತು ಎತ್ತಲಿಲ್ಲ. ಎತ್ತಿ ಬೈದಿದ್ದರೆ ಮರೆಪ್ಪ ಬದುಕಿಕೊಳ್ಳುತ್ತಿದ್ದ.

*

ಕೊನೆಗೆ ಮಾನಮ್ಮನ ಮಾತೇ ನಡೆಯಿತು. ಹೆಣ ಚೌಕಿಯ ಮುಂದೆ ಹೋಗುತ್ತದೆ ಎಂಬ ಸುದ್ದಿ ಹಬ್ಬಿದ್ದೇ ತಡ, ಅಂಗಳ ತೆಳ್ಳಗಾಯಿತು. ಒಬ್ಬನಿಗೆ ಎಮ್ಮೆಯ ನೆನಪಾಯಿತು, ಇನ್ನೊಬ್ಬನ ಸೊಂಟ ಹಿಡಿದುಕೊಂಡಿತು. ಮಾನಮ್ಮನ ಇಬ್ಬರು ತಮ್ಮಂದಿರು, ನೆರೆಮನೆಯ ಮಲ್ಲಣ್ಣ ಉಳಿದರು. ನಾಲ್ಕನೆಯ ಹೆಗಲಿಗಾಗಿ ಮೂವರೂ ಮರೆಪ್ಪನ ಮುಖ ನೋಡಿದರು. ಅವನು ಬಾಗಿ ಹೆಗಲು ಕೊಟ್ಟ. ಹೊತ್ತ ಮೇಲೂ, ಚೌಕಿ ಬರುವುದರೊಳಗೆ ಯಾರಾದರೂ ತನ್ನ ಜಾಗಕ್ಕೆ ಬಂದಾರೇನೋ ಎಂದು ದಾರಿಯುದ್ದಕ್ಕೂ ಬಾಗಿಲುಗಳನ್ನು ನೋಡುತ್ತಾ ಹೋದ. ಬಾಗಿಲುಗಳು ಮುಚ್ಚಿಕೊಂಡವು.

ಚೌಕಿಯ ಮುಂದೆ ಇಳಿಸಿದರು. ಜಮಾದಾರ ಹುಸೇನ ಹೊರಗೆ ಬಂದು ಬಟ್ಟೆ ಸರಿಸಿ ನೋಡಿದ. ಮೂಗಿನ ಹತ್ತಿರ ಬೆರಳು ಹಿಡಿದ. ಬೈಯಲಿಲ್ಲ. ಒಳಗಿನಿಂದ ಹಾಜರಿ ಪುಸ್ತಕ ತರಿಸಿ, ಸತ್ತವನು ಯಂಕಪ್ಪನೇ ಹೌದೆಂದು ಅವನ ರಕ್ತಸಂಬಂಧಿ ಗಂಡಸೊಬ್ಬ ಹೆಬ್ಬೆಟ್ಟು ಒತ್ತಬೇಕು, ನಾಳೆ ಮೋಸ ಗೊತ್ತಾದರೆ ಒತ್ತಿದವನ ಕುತ್ತಿಗೆಗೇ ಬರುತ್ತದೆ ಎಂದ. ಮಾನಮ್ಮನ ತಮ್ಮಂದಿರು ನೆಲ ನೋಡಿದರು. ಅವರು ಬೀಗರು, ಅವರದು ನಡೆಯುವುದಿಲ್ಲ.

"ಇವನಿಗೆ ನೀ ಏನಾಗಬೇಕು?" ಜಮಾದಾರ ಮರೆಪ್ಪನನ್ನೇ ಕೇಳಿದ.

ತನ್ನ ಹೆಂಡತಿ ಮಕ್ಕಳೂ ಹಾಗೇ ಸಾಲಾಗಿ ಕಟ್ಟಿಸಿಕೊಂಡು ಕಲಬುರ್ಗಿಯ ದಾರಿ ಹಿಡಿಯುವುದು ಕಣ್ಣ ಮುಂದೆ ಬಂತು. ಒಂದೇ ಊರವ ಎಂಬ ಮಾತು ಬಾಯಿಯ ತನಕ ಬಂದಿತ್ತು.

"ಅಣ್ಣ ಆಗಬೇಕ್ರಿ," ಎಂದ.

ಜಮಾದಾರನಿಗೆ ಕೇಳಿಸಲಿಲ್ಲ. ಜೋರಾಗಿ ಹೇಳು ಎಂದ.

"ಅಣ್ಣ ಅದೀನ್ರಿ. ಇವನ ಒಡಹುಟ್ಟಿದ ಅಣ್ಣ."

ಹೆಬ್ಬೆಟ್ಟಿಗೆ ಮಸಿ ಬಳಿದರು, ಒತ್ತಿದ. ಒರೆಸಿಕೊಳ್ಳಲು ಜಮಾದಾರ ಚಿಂದಿ ಮುಂದೆ ಹಿಡಿದದ್ದನ್ನು ಅವನು ನೋಡಲೇ ಇಲ್ಲ. ಚಟ್ಟ ಎತ್ತಿದರು, ಮಲ್ಲಣ್ಣ ಹಲಗೆಯವನನ್ನು ಕೂಗಿ ಕರೆದ. ನಡುಬಜಾರಿನಲ್ಲಿ ಮುಂದಿನ ಬಲಹೆಗಲು ಮರೆಪ್ಪನದು. ಬಿದಿರಿನ ಜೊತೆಗೇ ಬಿಳಿ ಬಟ್ಟೆಯನ್ನೂ ಸೇರಿಸಿ ಹಿಡಿದಿದ್ದ. ಹಿಡಿತ ಬದಲಿಸಿದಾಗಲೆಲ್ಲ ಅದರ ಮೇಲೆ ಹೆಬ್ಬೆಟ್ಟಿನ ಕಪ್ಪು ಗುರುತು ಒಂದೊಂದಾಗಿ ಮೂಡುತ್ತಾ ಹೋಯಿತು.