ಎಡಗಡೆ ನೋಡುವವಳು

ಪಕ್ಕದ ರಾಜ್ಯದವರು ಅಪ್ಪನ ಲೈಸೆನ್ಸ್ ಅಮಾನತು ಮಾಡಿದರೆ ನಮ್ಮ ರಾಜ್ಯದವರಿಗೇನು ಹೊಟ್ಟೆನೋವು ಎಂದು ಆರ್‌ಟಿಓ ಕಚೇರಿಯ ಕೌಂಟರಿನಲ್ಲೇ ಕೇಳಿಬಿಟ್ಟೆ. ಗುಮಾಸ್ತ ತಲೆ ಎತ್ತಲಿಲ್ಲ.

“ಅಲ್ಲಿ ಆಗಿದ್ದು ಇಲ್ಲೂ ಲೆಕ್ಕಕ್ಕೆ ಬರುತ್ತಮ್ಮ. ಅಮಾನತಿನ ಅವಧಿ ಮುಗಿದಿದೆ, ಸರಿ. ಮತ್ತೆ ಗಾಡಿ ಓಡಿಸಿ ತೋರಿಸಿದ್ರೇನೇ ಹೊಸದು.”

ಜೀವಮಾನವಿಡೀ ಬ್ರೆಡ್ ವ್ಯಾನ್ ಓಡಿಸಿದವನು ಆ ಪರೀಕ್ಷೆಯಲ್ಲಿ ಎರಡು ಸಲ ಫೇಲಾದ. ತಿರುವಿನಲ್ಲಿ ಎಡಗಡೆ ನೋಡುವುದೇ ಇಲ್ಲ ಎಂದರು. ಬೇಕರಿ ಯಜಮಾನರು ಈ ತಿಂಗಳಾಚೆ ಕಾಯುವುದಿಲ್ಲ ಎಂದಿದ್ದರು. ವ್ಯಾನೂ ಹೋದರೆ ಅಪ್ಪ ಗೋಡೆ ನೋಡುತ್ತಾ ಕೂತುಬಿಡುತ್ತಾನೆ ಎಂದು ನನಗೆ ಭಯ.

ಅಪ್ಪ ಎಡಗಡೆ ನೋಡದಿದ್ದುದು ಸೊಕ್ಕಿನಿಂದಲ್ಲ. ಎಡಸೀಟಿನಲ್ಲಿ ಯಾವಾಗಲೂ ಅಮ್ಮ ಇರುತ್ತಿದ್ದಳು. ಟ್ರೇ ಇಳಿಸುವವಳು ಅವಳೇ, ತಿರುವು ಬಂದಾಗ ಎಡಗಡೆ ನೋಡಿ “ಹ್ಞೂಂ, ತಿರುಗ್ಸಿ” ಎನ್ನುವವಳೂ ಅವಳೇ. ಜಗಳವಾಡಿ ಮಾತು ಬಿಟ್ಟ ದಿನವೂ ಆ “ಹ್ಞೂಂ” ತಪ್ಪುತ್ತಿರಲಿಲ್ಲ. ಅವಳು ತೀರಿಕೊಂಡ ಮೇಲೆ ಮೊದಲ ಸಲ ಒಬ್ಬನೇ ಗಡಿ ದಾಟಿ ಹೋದ ಅಪ್ಪ, ಎಡಗಡೆಯಿಂದ ಬಂದ ಸೈಕಲ್ಲಿನವನಿಗೆ ಗುದ್ದಿದ. ಅವನ ಕಾಲು ಮುರಿಯಿತು, ಅಪ್ಪನ ಲೈಸೆನ್ಸ್ ಅಲ್ಲೇ ಹೋಯಿತು.

ಹೀಗೆ ನಾನು ಗುರುವಾದೆ, ಅದೂ ಸಿಡುಕಿನ ಗುರು. ಮೈದಾನದಲ್ಲಿ ಗಂಟಲು ಹರಿಯುವಂತೆ ಕೂಗಿದೆ.

“ಎಡಗಡೆ ನೋಡಪ್ಪ. ಕತ್ತಿಗೇನು ಮೊಳೆ ಹೊಡ್ದಿದ್ದಾರಾ?”

“ನೋಡ್ತೀನಿ ಇರು,” ಎನ್ನುತ್ತಿದ್ದ. ನೋಡುತ್ತಿರಲಿಲ್ಲ.

ಒಂದು ದಿನ ರೇಗಿ ಹೇಳಿಯೇಬಿಟ್ಟೆ: “ಅಮ್ಮ ಇಲ್ಲ. ಇನ್ಮೇಲೆ ನೀನೇ ನೋಡ್ಬೇಕು.”

ಅಪ್ಪ ಎಂಜಿನ್ ಆರಿಸಿಬಿಟ್ಟ. ಮತ್ತೆ ಶುರು ಮಾಡಿದಾಗ ಪ್ರತಿ ತಿರುವಿನಲ್ಲೂ ಕತ್ತು ತಿರುಗಿಸಿದ. ಗೆದ್ದೆ ಎಂದುಕೊಂಡೆ ನಾನು.

ಮೂರನೇ ಸಲ ಪಾಸಾದ. ಪರೀಕ್ಷೆಯ ಜಾಗದವರೆಗೆ ನಾನೇ ಓಡಿಸಿಕೊಂಡು ಬಂದಿದ್ದ ವ್ಯಾನಿನ ಕೀಲಿಕೈಯನ್ನು ಅವನ ಕೈಗಿಟ್ಟು ಎಡಸೀಟಿಗೆ ಹೋದೆ. ಮೊದಲ ತಿರುವಿನಲ್ಲಿ ಅಪ್ಪ ಬಲಗಡೆ ನೋಡಿದ, ಎಡಗಡೆ ನೋಡಿದ. ರಸ್ತೆಯಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ತಡೆಯಲಾಗದೆ “ಹ್ಞೂಂ, ತಿರುಗ್ಸು” ಎಂದೆ.

“ಬೇಡ ಮಗಾ,” ಎಂದ ಮೆಲ್ಲಗೆ. “ಈಗ ನಾನೇ ನೋಡ್ಕೋತೀನಲ್ಲ.”

ವ್ಯಾನ್ ತಿರುಗಿತು. ಅಪ್ಪ ಎಡಗಡೆ ನೋಡದೆ ಇದ್ದಷ್ಟು ದಿನ, ಸತ್ತ ಮೇಲೂ ಅಮ್ಮನಿಗೆ ಈ ಸೀಟಿನಲ್ಲಿ ಒಂದು ಕೆಲಸ ಉಳಿದಿತ್ತು. ಅದನ್ನು ಅವಳಿಂದ ಕಿತ್ತುಕೊಂಡವಳು ನಾನೇ. ಮುಂದಿನ ಪ್ರತಿ ತಿರುವಿನಲ್ಲೂ ಅಪ್ಪ ತಪ್ಪದೆ ಎಡಗಡೆ ನೋಡುತ್ತಿದ್ದ. ನಾನು ಅಳುವುದು ಅವನಿಗೆ ಕಾಣಬಾರದೆಂದು ಮುಖವನ್ನು ಕಿಟಕಿಯ ಕಡೆ ಮಾಡಿಕೊಂಡು ಕೂತೆ.