ಚೌಕಟ್ಟಿನೊಳಗೆ ಬಂದ ಬಟ್ಟಲು

ಕ್ಯಾಮೆರಾ ಹಿಡಿದವನಿಗೆ ಹಸಿವಾಗುವುದಿಲ್ಲ ಎಂಬುದು ನಿರ್ದೇಶಕರೆಲ್ಲರ ನಂಬಿಕೆ. ನನ್ನ ನಿರ್ದೇಶಕಿ ಬೆಸ್ಮಾ ಕೂಡ ಅದಕ್ಕೆ ಹೊರತಲ್ಲ.

ತಾಯಿಯಿಲ್ಲದ ಅವಳನ್ನು ಸಾಕಿದ್ದು ಕೈರುವಾನ್ ಪಟ್ಟಣದಲ್ಲಿ ರತ್ನಗಂಬಳಿ ನೇಯುವ ದೊಡ್ಡಮ್ಮ ಮಬ್ರೂಕಾ. ನೇಯ್ದು ನೇಯ್ದು ಅವರ ಕಣ್ಣು ಮಂಜಾಗಿತ್ತು. ಪೂರ್ತಿ ಕತ್ತಲಾಗುವ ಮೊದಲು ಅವರಿಗೇ ತೋರಿಸಬೇಕೆಂದು ಬೆಸ್ಮಾ ಅವರ ಮೇಲೇ ಸಾಕ್ಷ್ಯಚಿತ್ರ ಮಾಡುತ್ತಿದ್ದಳು. ನಿಯಮ ಒಂದೇ: ಅಲ್ಲಿ ಕ್ಯಾಮೆರಾ ಇಲ್ಲವೇ ಇಲ್ಲ ಎಂಬಂತೆ ದೊಡ್ಡಮ್ಮ ಇರಬೇಕು.

ದೊಡ್ಡಮ್ಮನಿಗೆ ಅದೊಂದು ಬಿಟ್ಟು ಎಲ್ಲ ಬರುತ್ತಿತ್ತು. ಗಂಟು ಹಾಕುತ್ತಿದ್ದವರು ಥಟ್ಟನೆ ಎದ್ದು, ಲಬ್ಲಾಬಿ ಎಂಬ ಕಡಲೆ ಸಾರು ತುಂಬಿದ ಬಟ್ಟಲನ್ನು ನೇರ ನನ್ನ ಲೆನ್ಸಿಗೇ ಒಡ್ಡುತ್ತಿದ್ದರು.

“ತಗೋಳೋ ಲಸಾದ್, ಬಿಸಿ ಇದ್ದಾಗ್ಲೇ ತಿನ್ನು. ಆ ಡಬ್ಬಿ ಏನ್ ಓಡೋಗ್ತದಾ?”

“ದೊಡ್ಡಮ್ಮಾ! ಶಾಟ್ ಹಾಳಾಯ್ತು! ಅವನು ಇಲ್ಲಿ ಇಲ್ಲ ಅಂದ್ಕೋ ಅಂದಿದ್ನಲ್ಲ!” ಎಂದು ಬೆಸ್ಮಾ ಕಿರುಚುತ್ತಿದ್ದಳು.

“ಕಣ್ಣೆದುರಿಗೆ ಕಡ್ಡಿ ತರ ನಿಂತವ್ನೆ, ಇಲ್ಲ ಅಂತ ಹೆಂಗೇ ಅಂದ್ಕೊಳ್ಳೋದು?”

ಒಂದು ಕೈ ಕ್ಯಾಮೆರಾದ ಮೇಲಿಟ್ಟು ಇನ್ನೊಂದರಲ್ಲಿ ಬಟ್ಟಲು ಇಸಿದುಕೊಳ್ಳುತ್ತಿದ್ದೆ. ತಿನ್ನಲು ಬಿಡುವಾಗುವಷ್ಟರಲ್ಲಿ ಅದು ತಣ್ಣಗಾಗಿರುತ್ತಿತ್ತು. ಎಷ್ಟೋ ಮನೆಗಳಲ್ಲಿ ಚಿತ್ರೀಕರಿಸಿದ್ದೇನೆ. ಕ್ಯಾಮೆರಾದ ಹಿಂದೆ ಒಬ್ಬ ಮನುಷ್ಯನಿದ್ದಾನೆಂದು ಕಂಡವರು ಅವರೊಬ್ಬರೇ. ಆ ತಾಯಿಯ ಋಣ ನಾನು ತೀರಿಸಲಾರೆ.

ಕೊನೆಗೆ ಬೆಸ್ಮಾ ಆಣೆ ಹಾಕಿಸಿದಳು. ದೊಡ್ಡಮ್ಮ ಏಳುವುದನ್ನೂ ಬಿಟ್ಟರು, ಮಾತನ್ನೂ ಬಿಟ್ಟರು. ಸಂಕಲನಕ್ಕೆ ಕುಳಿತು ನೋಡಿದರೆ, ಆ ಅಚ್ಚುಕಟ್ಟಾದ ದೃಶ್ಯಗಳಲ್ಲಿ ಯಾರೋ ಬಾಡಿಗೆಗೆ ಬಂದ ಮುದುಕಿ ನೇಯುತ್ತಿದ್ದಳು.

“ಇವ್ಳಲ್ಲ ಕಣೋ ನನ್ನ ಸಾಕಿದ್ದು,” ಎಂದು ಬೆಸ್ಮಾ ಅತ್ತೇಬಿಟ್ಟಳು. “ಹಾಳಾಯ್ತು ಅಂದಿದ್ನಲ್ಲ, ಆ ಶಾಟೆಲ್ಲ ಹೊರಗೆ ತೆಗಿ. ಅಳಿಸಿಲ್ಲ ತಾನೇ?”

ಅಳಿಸಿರಲಿಲ್ಲ. ಇಡೀ ಸಿನಿಮಾ ಅವುಗಳಿಂದಲೇ ಆಯಿತು. ಲೆನ್ಸಿಗೆ ಬರುವ ಬಟ್ಟಲು, ಅಂಚಿನಿಂದ ಚಾಚುವ ನನ್ನ ಕೈ, ಬೆಸ್ಮಾಳ ಕಿರುಚಾಟ, ಎಲ್ಲವೂ ಅದರಲ್ಲಿದ್ದವು. ಸಿನಿಮಾ ಮಾಡುವ ನಾವೇ ಸಿನಿಮಾದೊಳಗೆ ಸಿಕ್ಕಿಬಿದ್ದಿದ್ದೆವು.

ಸಿನಿಮಾ ಮುಗಿದ ದಿನ ಸಂಜೆ ಮನೆಯ ಅಂಗಳದಲ್ಲಿ ಬಿಳಿ ದುಪ್ಪಟಿಯನ್ನು ತೆರೆಯಾಗಿ ಕಟ್ಟಿ, ದೊಡ್ಡಮ್ಮನನ್ನು ತೀರ ಹತ್ತಿರ ಕೂರಿಸಿದೆವು. ಅವರು ಕಣ್ಣು ಕಿರಿದಾಗಿಸಿ ನೋಡಿದರು.

“ಅದು ಲಸಾದನ ಕೈ ಅಲ್ವೇನೇ?”

“ಹೂಂ ದೊಡ್ಡಮ್ಮ.”

“ಇವತ್ತು ತಿಂದ್ನಾ ಅವ್ನು?”

ಬೆಸ್ಮಾ ಬಾಯಿ ಬಿಡುವ ಮೊದಲೇ ಒಳಗೆ ಹೋದರು. ಗೋಡೆ ತಡವುತ್ತಾ ಬಟ್ಟಲು ತಂದು, ಪ್ರೊಜೆಕ್ಟರಿನ ಪಕ್ಕದಲ್ಲಿದ್ದ ನನ್ನತ್ತ ಬೆಳಕಿಗೇ ಅಡ್ಡವಾಗಿ ನಡೆದುಬಂದರು. ಅವರ ಸಿನಿಮಾ ಅವರ ಎದೆಯ ಮೇಲೇ ಓಡತೊಡಗಿತು.

ಈ ಸಲ ಬೆಸ್ಮಾ ಕಿರುಚಲಿಲ್ಲ. ನನ್ನ ಮಡಿಲಲ್ಲಿದ್ದ ಕ್ಯಾಮೆರಾ ಎತ್ತಿಕೊಂಡು ಕಣ್ಣಿಗಿಟ್ಟುಕೊಂಡಳು.

“ಎರಡೂ ಕೈಲಿ ತಗೋ,” ಎಂದಳು. “ಇದನ್ನ ನಾನು ಹಿಡ್ಕೊಂಡಿದೀನಿ.”

ಆ ಮನೆಯ ಲಬ್ಲಾಬಿ ಅಷ್ಟು ಬಿಸಿ ಇರುತ್ತದೆಂದು ನನಗೆ ಗೊತ್ತಾದದ್ದೇ ಆವತ್ತು.